ಕೈಕಾಲು ಆಡಲಿ, ಲಕ್ವ ದೂರವಿರಲಿ

ನಮ್ಮ ಕಲಿಕಾ ಕೇಂದ್ರ ನಡೆಯೋದು ಊರ ಶಾಲೆಯ ಹಿಂದಿನ ಕೋಣೆಯಲ್ಲಿ. ರಾತ್ರಿ ಏಳೂವರೆಗೆ ಶುರು. ಡೈರಿಗೆ ಹಾಲು ಹಾಕಿ ಅಣ್ಣಂದಿರು ಬರುತ್ತಾರೆ. ಮುದ್ದೆ ಮಾಡಿಟ್ಟು ಅಕ್ಕಂದಿರು ಬರುತ್ತಾರೆ. ಎಲ್ಲರಿಗಿಂತ ಮೊದಲು ಬಂದು ಮುಂದಿನ ಸಾಲಿನಲ್ಲಿ ಕೂರುವವರು ಅಂಗಡಿ ಅಕ್ಕ. ಊರಲ್ಲಿ ಎಲ್ಲರೂ ಅವರನ್ನು ಹಾಗೇ ಕರೆಯೋದು. ಬಸ್‌ಸ್ಟ್ಯಾಂಡಿನ ಹತ್ತಿರ ಅವರ ಯಜಮಾನರದು ಒಂದು ಕಿರಾಣಿ ಅಂಗಡಿ ಇದೆ.

ಒಂದು ಸೋಮವಾರ ಅಂಗಡಿ ಅಕ್ಕ ಬರಲಿಲ್ಲ. ಮಂಗಳವಾರವೂ ಇಲ್ಲ. ಬುಧವಾರ ಸುದ್ದಿ ಬಂತು. ಅಂಗಡಿ ಅಣ್ಣನಿಗೆ ಲಕ್ವ ಹೊಡೆದಿತ್ತು.

ಅಣ್ಣನಿಗೆ 52 ವರ್ಷ. ಬೆಳಿಗ್ಗೆ ಎದ್ದು ಬಚ್ಚಲ ಹತ್ತಿರ ನಿಂತು ಹಲ್ಲು ಉಜ್ಜುತ್ತಿದ್ದರಂತೆ. ಬ್ರಷ್ಷು ಕೈಯಿಂದ ಜಾರಿತು. ಬಗ್ಗಿ ತೆಗೆಯಲು ಹೋದರು. ಬಲಗೈ ಮಾತು ಕೇಳಲಿಲ್ಲ. "ಏನಾಯ್ತು?" ಅಂತ ಅಕ್ಕ ಓಡಿ ಬಂದರೆ, ಅಣ್ಣನ ಬಾಯಿ ಎಡಕ್ಕೆ ಎಳೆದುಕೊಂಡಿತ್ತು. ಮಾತು ಹೊರಡಲಿಲ್ಲ. ಬಲಗಾಲು ಕುಸಿಯಿತು.

ಜನ ಸೇರಿದರು. "ವಾಯು ಹೊಡೆದಿದೆ, ಆಸ್ಪತ್ರೆಯಲ್ಲಿ ಇದಕ್ಕೆ ಮದ್ದಿಲ್ಲ" ಅಂದರು ಒಬ್ಬರು. "ಪಾರಿವಾಳದ ರಕ್ತ ಹಚ್ಚಿದರೆ ಹೋಗುತ್ತೆ" ಅಂದರು ಇನ್ನೊಬ್ಬರು. ಕಾರು ಮಾಡಿಕೊಂಡು ದೂರದ ಊರಿನ ನಾಟಿ ಮದ್ದಿನವರ ಹತ್ತಿರ ಹೋದರು. ಅಲ್ಲಿ ರಕ್ತ ಹಚ್ಚಿದರು, ಎಣ್ಣೆ ಹಚ್ಚಿದರು. ಆ ದಿನ ಕಳೆಯಿತು. ಮರುದಿನ ಮಧ್ಯಾಹ್ನ ದೊಡ್ಡಾಸ್ಪತ್ರೆಗೆ ಕರೆದುಕೊಂಡು ಹೋದರು. ತಲೆಯ ಸ್ಕ್ಯಾನ್ ಮಾಡಿ ಡಾಕ್ಟರು ಹೇಳಿದ ಮಾತನ್ನು ಅಕ್ಕ ಇವತ್ತಿಗೂ ಮರೆತಿಲ್ಲ. "ನಿನ್ನೆ ಬೆಳಿಗ್ಗೆಯೇ ನೇರವಾಗಿ ಬಂದಿದ್ದರೆ ಕೊಡೋ ಇಂಜೆಕ್ಷನ್ ಒಂದಿತ್ತು, ಅಮ್ಮ. ಈಗ ಹೊತ್ತು ಮೀರಿದೆ."

ಮೂರು ತಿಂಗಳ ಮೇಲೆ ಅಕ್ಕ ಮತ್ತೆ ಕೇಂದ್ರಕ್ಕೆ ಬಂದರು. ಕೈಯಲ್ಲಿ ಒಂದು ಮಾಸಿದ ಚೀಟಿ ಇತ್ತು. ಅಂಗಡಿಯಲ್ಲಿ ಬಿಲ್ಲು ಚುಚ್ಚಿಡುವ ಕಂಬಿ ಇರುತ್ತದಲ್ಲ, ಅದರಲ್ಲಿ ಸಿಕ್ಕಿತಂತೆ. "ಇದನ್ನ ನಾನೇ ಓದ್ತೀನಿ, ತಪ್ಪಿದ್ರೆ ಹೇಳಿ" ಅಂದರು. ಬೆರಳಿಟ್ಟು ಓದಿದರು.

"ನೂರಾ ಎಂಬತ್ತು. ಕೆಳಗೆ ನೂರಾ ಹತ್ತು."

ಸರಿಯಾಗಿಯೇ ಓದಿದ್ದರು. ಅದು ಎರಡು ವರ್ಷದ ಹಿಂದೆ ಊರಲ್ಲಿ ನಡೆದ ಆರೋಗ್ಯ ಶಿಬಿರದ ಚೀಟಿ. ಅಂಗಡಿ ಅಣ್ಣನ ಬಿ.ಪಿ. ಅಳೆದು ಬರೆದುಕೊಟ್ಟಿದ್ದು. ಕೆಳಗೆ "ತಪ್ಪದೆ ಆಸ್ಪತ್ರೆಗೆ ಬನ್ನಿ" ಅಂತಲೂ ಇತ್ತು. ಅಣ್ಣನಿಗೆ ಓದು ಬರುತ್ತಿತ್ತು. ಅಂಗಡಿ ಲೆಕ್ಕ ಬರೆಯುವವರಿಗೆ ಈ ಎರಡು ಸಂಖ್ಯೆ ಯಾವ ದೊಡ್ಡದು? ಆದರೆ ತಲೆ ನೋಯುತ್ತಿರಲಿಲ್ಲ, ಸುಸ್ತೂ ಇರಲಿಲ್ಲ. ಹಾಗಾಗಿ ಓದಿ ಕಂಬಿಗೆ ಚುಚ್ಚಿಟ್ಟರು.

"ನಂಗೆ ಆಗ ಓದೋಕೆ ಬಂದಿದ್ರೆ ಸುಮ್ನೆ ಬಿಡ್ತಿದ್ನಾ?" ಅಂದರು ಅಕ್ಕ.

ಆ ರಾತ್ರಿ ನಾವು ಬೇರೆ ಪಾಠ ಮಾಡಲಿಲ್ಲ. ಲಕ್ವ ಅಂದರೆ ಏನು, ಅದು ಯಾಕೆ ಬರುತ್ತೆ, ಬರದ ಹಾಗೆ ಏನು ಮಾಡಬಹುದು ಅಂತ ಮಾತಾಡಿದೆವು. ಆಮೇಲೆ ಆಶಾ ಅಕ್ಕನನ್ನೂ ಆಸ್ಪತ್ರೆಯ ಡಾಕ್ಟರನ್ನೂ ಕೇಳಿ ತಿಳಿದುಕೊಂಡೆವು. ಅದನ್ನೇ ಇಲ್ಲಿ ಬರೆದಿದ್ದೇವೆ.

ಲಕ್ವ ಹೊಡೆಯೋದು ಎಲ್ಲಿಗೆ?

ಕೈಗಲ್ಲ, ಕಾಲಿಗಲ್ಲ. ಲಕ್ವ ಹೊಡೆಯೋದು ತಲೆಗೆ, ತಲೆಯೊಳಗಿನ ಮೆದುಳಿಗೆ. ಇದನ್ನು ಮೊದಲು ತಿಳಿಯಬೇಕು. ಕೈಗೆ ಎಷ್ಟು ಎಣ್ಣೆ ತಿಕ್ಕಿದರೂ, ಯಾವ ರಕ್ತ ಹಚ್ಚಿದರೂ, ಪೆಟ್ಟು ಬಿದ್ದ ಜಾಗಕ್ಕೆ ಅದು ಮುಟ್ಟುವುದಿಲ್ಲ.

ಮೆದುಳು ಹೆಚ್ಚು ಕಡಿಮೆ ಒಂದೂಕಾಲರಿಂದ ಒಂದೂವರೆ ಕಿಲೊ ತೂಗುತ್ತದೆ. 60 ಕಿಲೊ ಮೈಯಲ್ಲಿ ಅದು ಎಷ್ಟು ಮಹಾ? ಆದರೆ ಮೈ ಬಳಸುವ ಆಮ್ಲಜನಕದ ಐದರಲ್ಲಿ ಒಂದು ಪಾಲು ಅದಕ್ಕೇ ಬೇಕು. ಅದನ್ನು ತಂದುಕೊಡೋದು ರಕ್ತ. ರಕ್ತ ಬರೋದು ನಾಳಗಳ ಮೂಲಕ. ಮೆದುಳು ಕೂಡಿಟ್ಟುಕೊಳ್ಳುವುದಿಲ್ಲ. ರಕ್ತ ನಿಂತ ಕೆಲವೇ ನಿಮಿಷಕ್ಕೆ ಆ ಭಾಗ ಸಾಯಲು ಶುರುವಾಗುತ್ತದೆ.

ನಮ್ಮ ತೋಟದ ಪೈಪನ್ನೇ ನೋಡಿ. ಅದು ಎರಡು ರೀತಿ ಕೆಡುತ್ತದೆ. ಡ್ರಿಪ್ ಪೈಪಿನ ಒಳಗೆ ಉಪ್ಪು, ಪಾಚಿ ಕಟ್ಟಿಕೊಂಡು ನೀರು ನಿಲ್ಲುತ್ತದೆ. ಇಲ್ಲವೇ ಮೋಟಾರಿನ ಒತ್ತಡ ತಾಳದೆ ಹಳೇ ಪೈಪು ಒಡೆಯುತ್ತದೆ. ಮೆದುಳಿನ ರಕ್ತನಾಳವೂ ಹೀಗೆಯೇ. ಒಂದು, ನಾಳದೊಳಗೆ ಕೊಬ್ಬು ಕಟ್ಟಿ, ರಕ್ತ ಹೆಪ್ಪುಗಟ್ಟಿ ದಾರಿ ಮುಚ್ಚುತ್ತದೆ. ಎರಡು, ನಾಳ ಒಡೆದು ರಕ್ತ ಸೋರುತ್ತದೆ. ದಾರಿ ಮುಚ್ಚುವುದೇ ಹೆಚ್ಚು. ಎರಡಕ್ಕೂ ದೊಡ್ಡ ಕಾರಣ ಬಿ.ಪಿ., ಅಂದರೆ ರಕ್ತದ ಒತ್ತಡ. ಒತ್ತಡ ಹೆಚ್ಚಿದ್ದರೆ ನಾಳದ ಗೋಡೆ ವರ್ಷಗಟ್ಟಲೆ ಪೆಟ್ಟು ತಿನ್ನುತ್ತಲೇ ಇರುತ್ತದೆ. ನೋವು ಗೊತ್ತಾಗುವುದಿಲ್ಲ. ಅಂಗಡಿ ಅಣ್ಣನಿಗೆ ಗೊತ್ತಾಗದೇ ಇದ್ದದ್ದೂ ಇದೇ.

ಮೆದುಳಿನ ಎಡಭಾಗ ಮೈಯ ಬಲಭಾಗವನ್ನು ಆಡಿಸುತ್ತದೆ. ಬಲಭಾಗ ಎಡವನ್ನು ಆಡಿಸುತ್ತದೆ. ಮಾತಿನ ಜಾಗ ಹೆಚ್ಚಿನವರಿಗೆ ಎಡಗಡೆ ಇರುತ್ತದೆ. ಅಣ್ಣನಿಗೆ ಬಲಗೈ, ಬಲಗಾಲು, ಮಾತು ಒಟ್ಟಿಗೆ ಹೋದದ್ದು ಯಾಕೆ ಅಂತ ಈಗ ತಿಳಿಯಿತಲ್ಲ?

ಗಲ್ಲಾ ಮುಂದೆ ಹದಿನಾಲ್ಕು ಗಂಟೆ

ಅಂಗಡಿ ಅಣ್ಣನ ದಿನ ಹೇಗಿತ್ತು ಅಂತ ಅಕ್ಕನನ್ನು ಕೇಳಿದೆವು. ಬೆಳಿಗ್ಗೆ ಆರಕ್ಕೆ ಬಾಗಿಲು ತೆಗೆದರೆ ರಾತ್ರಿ ಎಂಟರವರೆಗೆ ಗಲ್ಲಾ ಮುಂದೆ ಕೂತಿರೋದು. ಸಾಮಾನು ತೂಗಿ ಕೊಡಲು ಹುಡುಗ ಇದ್ದ. ಮನೆಯಿಂದ ಅಂಗಡಿಗೆ ಇನ್ನೂರು ಹೆಜ್ಜೆ. ಅದಕ್ಕೂ ಬೈಕು. ಮಧ್ಯಾಹ್ನದ ಊಟ ಕೂತಲ್ಲಿಗೇ ಬರುತ್ತಿತ್ತು. ನಡುನಡುವೆ ಬೋಂಡ, ಕಾರ, ಟೀ. ಆಗಾಗ ಒಂದು ಬೀಡಿ.

ಇದು ಅಣ್ಣ ಒಬ್ಬರ ಕತೆಯಲ್ಲ. ನಮ್ಮ ಅಜ್ಜಿಯರ ಕಾಲದಲ್ಲಿ ಬೆಳಗಿನ ಜಾವಕ್ಕೇ ರಾಗಿಕಲ್ಲು ತಿರುಗುತ್ತಿತ್ತು. ಬಾವಿಯಿಂದ ನೀರು ಸೇದಬೇಕಿತ್ತು. ಒರಳಲ್ಲಿ ರುಬ್ಬಬೇಕಿತ್ತು, ಒನಕೆಯಲ್ಲಿ ಕುಟ್ಟಬೇಕಿತ್ತು. ಸಂತೆಗೆ ನಾಲ್ಕು ಮೈಲಿ ನಡೆಯಬೇಕಿತ್ತು. ಈಗ ಗಿರಣಿ ಬಂದಿದೆ, ನಲ್ಲಿ ಬಂದಿದೆ, ಮಿಕ್ಸಿ ಬಂದಿದೆ. ಉಳುವುದಕ್ಕೆ ಟ್ರ್ಯಾಕ್ಟರು, ಕೊಯ್ಯುವುದಕ್ಕೆ ಯಂತ್ರ. ಒಳ್ಳೆಯದೇ ಆಯಿತು. ಆ ಕಾಲ ಚೆನ್ನಾಗಿತ್ತು ಅಂತ ನಾವು ಹೇಳುವುದಿಲ್ಲ. ನೀರು ಸೇದಿ ಸೇದಿ ಅಜ್ಜಿಯ ಬೆನ್ನು ಬಗ್ಗಿದ್ದನ್ನು ಕಂಡವರು ಯಾರೂ ಹಾಗೆ ಹೇಳಲಾರರು. ಆದರೆ ಒಂದು ಮಾತು ನಿಜ. ದುಡಿಮೆಯ ಜೊತೆಗೆ ಮೈ ಆಡುವುದೂ ಹೋಯಿತು. ಉಳಿದ ಹೊತ್ತನ್ನು ಟೀವಿ, ಮೊಬೈಲು ತಿಂದವು.

ಕೂತು ಕೆಲಸ ಮಾಡುವವರಿಗೂ ಆಡಾಡಿಕೊಂಡು ಕೆಲಸ ಮಾಡುವವರಿಗೂ ಏನು ವ್ಯತ್ಯಾಸ? ಇದನ್ನು ಲಂಡನ್ ಪಟ್ಟಣದ ಡಾಕ್ಟರು ಜೆರೆಮಿ ಮಾರಿಸ್ ಅನ್ನುವವರು ಬಹಳ ಹಿಂದೆಯೇ ನೋಡಿದರು. ಅಲ್ಲಿ ಎರಡಂತಸ್ತಿನ ಬಸ್ಸುಗಳಿದ್ದವು. ಡ್ರೈವರು ದಿನವಿಡೀ ಕೂತಿರುತ್ತಾನೆ. ಕಂಡಕ್ಟರು ಟಿಕೆಟ್ ಕೊಡಲು ದಿನಕ್ಕೆ ನೂರಾರು ಮೆಟ್ಟಿಲು ಹತ್ತುತ್ತಾನೆ, ಇಳಿಯುತ್ತಾನೆ. ಬಸ್ಸು ಒಂದೇ, ಊರು ಒಂದೇ. ಆದರೆ ಹೃದಯಾಘಾತ ಡ್ರೈವರುಗಳಿಗೇ ಹೆಚ್ಚು ಆಗುತ್ತಿತ್ತು. ಈ ಲೆಕ್ಕ 1953ರಲ್ಲಿ ಅಚ್ಚಾಯಿತು. ಅದು ಹೃದಯದ ಮಾತು, ನಿಜ. ಆದರೆ ಹೃದಯಕ್ಕೆ ಹೋಗುವ ನಾಳವನ್ನು ಕೆಡಿಸುವ ಕಾರಣಗಳೇ ಮೆದುಳಿನ ನಾಳವನ್ನೂ ಕೆಡಿಸುತ್ತವೆ.

ಲಕ್ವದ್ದೇ ಲೆಕ್ಕವೂ ಇದೆ. 32 ದೇಶಗಳಲ್ಲಿ ಲಕ್ವ ಹೊಡೆದವರನ್ನೂ ಹೊಡೆಯದವರನ್ನೂ ಹೋಲಿಸಿ ನೋಡಿದರು. ನಮ್ಮ ದೇಶದವರೂ ಅದರಲ್ಲಿದ್ದರು. ಬೆಂಗಳೂರಿನ ಸೇಂಟ್ ಜಾನ್ಸ್ ವೈದ್ಯಕೀಯ ಕಾಲೇಜಿನ ಡಾಕ್ಟರುಗಳೂ ಈ ಕೆಲಸದಲ್ಲಿ ಸೇರಿದ್ದರು. 2016ರಲ್ಲಿ ಅದರ ಫಲ ಹೊರಬಂತು. ಹತ್ತು ಲಕ್ವದಲ್ಲಿ ಒಂಬತ್ತಕ್ಕೆ ನಾವು ತಿದ್ದಬಹುದಾದ ಕಾರಣಗಳ ಸಂಬಂಧ ಇದೆ ಅಂತ ಗೊತ್ತಾಯಿತು. ಮೊದಲನೆಯದು ಬಿ.ಪಿ. ಮೈ ಆಡಿಸದೆ ಇರುವುದು, ತಂಬಾಕು, ಸಕ್ಕರೆ ಕಾಯಿಲೆ, ಹೆಂಡ, ಸೊಂಟದ ಸುತ್ತಿನ ಬೊಜ್ಜು, ಇವೂ ಆ ಪಟ್ಟಿಯಲ್ಲಿವೆ. ಹಣೆಬರಹ ಅಂತ ಕೈಕಟ್ಟಿ ಕೂರುವ ರೋಗ ಇದಲ್ಲ ಅಂತಾಯಿತಲ್ಲ.

ನಡೆದರೆ ಒಳಗೆ ಏನಾಗುತ್ತೆ?

ಬಿರುಸಾಗಿ ನಡೆದಾಗ ಮೀನಖಂಡ ಹಿಂಡಿದ ಹಾಗೆ ಕೆಲಸ ಮಾಡುತ್ತದೆ. ಕಾಲಿನ ರಕ್ತವನ್ನು ಮೇಲಕ್ಕೆ ನೂಕುತ್ತದೆ. ಗುಂಡಿಗೆ ಚುರುಕಾಗುತ್ತದೆ. ನಾಳದಲ್ಲಿ ರಕ್ತ ರಭಸವಾಗಿ ಹರಿಯುತ್ತದೆ. ಆಗ ನಾಳದ ಒಳಗೋಡೆ ಒಂದು ವಸ್ತುವನ್ನು ಒಸರುತ್ತದೆ. ನೈಟ್ರಿಕ್ ಆಕ್ಸೈಡ್ ಅಂತ ಅದರ ಹೆಸರು. ಹೆಸರು ನೆನಪಿಡಬೇಕಾಗಿಲ್ಲ. ಅದರ ಕೆಲಸ ನೆನಪಿಡಿ. ಅದು ನಾಳವನ್ನು ಸಡಿಲ ಮಾಡಿ ಅಗಲ ಮಾಡುತ್ತದೆ. ದಿನಾ ನಡೆದರೆ ನಾಳ ಮೆತ್ತಗೆ ಉಳಿಯುತ್ತದೆ. ಬಿಸಿಲಿಗೆ ಬಿದ್ದ ಪೈಪಿನ ಹಾಗೆ ಪೆಡಸಾಗುವುದು ನಿಧಾನವಾಗುತ್ತದೆ.

ನಾಳ ಮೆತ್ತಗಿದ್ದರೆ ಬಿ.ಪಿ. ಇಳಿಯುತ್ತದೆ. ಬಿ.ಪಿ. ಇರುವವರು ತಪ್ಪದೆ ನಡೆದರೆ ಮೇಲಿನ ಸಂಖ್ಯೆ ಸುಮಾರು 5ರಿಂದ 8ರವರೆಗೆ ಇಳಿಯಬಹುದು. "ಇಷ್ಟೇನಾ?" ಅಂತ ನಮ್ಮ ಕೇಂದ್ರದ ಒಬ್ಬ ಅಣ್ಣ ಕೇಳಿದರು. ಇಷ್ಟೇ. ಆದರೆ ಈ ಇಷ್ಟಕ್ಕೆ ಬೆಲೆ ಇದೆ. ಮೇಲಿನ ಸಂಖ್ಯೆ 10 ಇಳಿದರೆ ಲಕ್ವದ ಅಪಾಯ ಕಾಲು ಪಾಲಿನಷ್ಟು ಕಡಿಮೆ ಆಗುತ್ತದೆ. ಗುಳಿಗೆ ಒಂದಷ್ಟು ಇಳಿಸುತ್ತದೆ, ಉಪ್ಪು ಬಿಟ್ಟರೆ ಒಂದಷ್ಟು, ನಡೆದರೆ ಒಂದಷ್ಟು. ಚೀಟಿ ಹಣದ ಹಾಗೆ ಎಲ್ಲ ಕೂಡಿ ದೊಡ್ಡ ಮೊತ್ತವಾಗುತ್ತದೆ.

ಇನ್ನೂ ಇದೆ. ನಡೆಯುವ ಮಾಂಸಖಂಡ ರಕ್ತದ ಸಕ್ಕರೆಯನ್ನು ಎಳೆದುಕೊಂಡು ಉರಿಸುತ್ತದೆ. ಊಟದ ಮೇಲೆ ಹತ್ತು ನಿಮಿಷ ಅಡ್ಡಾಡಿದರೂ ಸಕ್ಕರೆ ಏರುವುದು ತಗ್ಗುತ್ತದೆ. ನಾಳದಲ್ಲಿ ಕಟ್ಟುವ ಕೆಟ್ಟ ಕೊಬ್ಬು ಕಡಿಮೆಯಾಗುತ್ತದೆ. ನಿದ್ದೆ ಚೆನ್ನಾಗಿ ಬರುತ್ತದೆ. ಎಲ್ಲ ಸೇರಿ, ಮೈ ಆಡಿಸುವವರಿಗೆ ಲಕ್ವದ ಅಪಾಯ ನೂರಕ್ಕೆ 20ರಿಂದ 27ರಷ್ಟು ಕಡಿಮೆ ಅಂತ ಹಲವು ಅಧ್ಯಯನಗಳನ್ನು ಕೂಡಿಸಿ ನೋಡಿದವರು ಹೇಳಿದ್ದಾರೆ. ಪೂರಾ ತಪ್ಪುತ್ತೆ ಅಂತ ಯಾರಾದರೂ ಹೇಳಿದರೆ ನಂಬಬೇಡಿ. ನಡೆಯುವವರಿಗೂ ಲಕ್ವ ಹೊಡೆದದ್ದುಂಟು.

ಎಷ್ಟು ನಡೆಯಬೇಕು?

ವಿಶ್ವ ಆರೋಗ್ಯ ಸಂಸ್ಥೆ 2020ರಲ್ಲಿ ಹೇಳಿದ ಲೆಕ್ಕ ಇದು. ವಾರಕ್ಕೆ ಕಡಿಮೆ ಅಂದರೂ 150 ನಿಮಿಷ. ಬನ್ನಿ, ಸ್ಲೇಟು ತೆಗೆಯಿರಿ. ದಿನಕ್ಕೆ 30 ನಿಮಿಷ, ವಾರಕ್ಕೆ 5 ದಿನ.

30 × 5 = 150

ಒಟ್ಟಿಗೇ ಅರ್ಧ ಗಂಟೆ ಸಿಗದಿದ್ದರೆ ಮೂರು ಸಲ ಹತ್ತು ನಿಮಿಷ ಮಾಡಿ. ಲೆಕ್ಕಕ್ಕೆ ಬರುತ್ತದೆ. ಅದೂ ಆಗದಿದ್ದರೆ ಐದೇ ನಿಮಿಷದಿಂದ ಶುರು ಮಾಡಿ. ಸೊನ್ನೆಗಿಂತ ಐದು ದೊಡ್ಡದು.

ಯಾವ ವೇಗ? ನಡೆಯುತ್ತಾ ಮಾತಾಡಲು ಆಗಬೇಕು, ಹಾಡು ಹೇಳಲು ಆಗಬಾರದು. ಅಷ್ಟು ವೇಗ. ಸೋಬಾನೆ ಪದ ಹೇಳಿಕೊಂಡು ನಡೆಯಲು ಆಗುತ್ತಿದ್ದರೆ ಇನ್ನೂ ಸ್ವಲ್ಪ ಕಾಲು ಚುರುಕು ಮಾಡಿ. ಮಾತೂ ಆಡಲಾಗದೆ ಏದುಸಿರು ಬಂದರೆ ನಿಧಾನ ಮಾಡಿ.

ಮೊಬೈಲು ಇಟ್ಟುಕೊಂಡ ಹುಡುಗರು ದಿನಕ್ಕೆ 10,000 ಹೆಜ್ಜೆ ಹಾಕಬೇಕು ಅಂತಾರೆ. 1965ರಲ್ಲಿ ಜಪಾನಿನಲ್ಲಿ ಹೆಜ್ಜೆ ಎಣಿಸುವ ಒಂದು ಯಂತ್ರ ಮಾರಾಟಕ್ಕೆ ಬಂತು. ಅದಕ್ಕೆ ಇಟ್ಟ ಹೆಸರಿನ ಅರ್ಥ "ಹತ್ತು ಸಾವಿರ ಹೆಜ್ಜೆಯ ಮೀಟರು" ಅಂತ. ಹೆಸರು ಹಿಡಿಸಿತು, ಸಂಖ್ಯೆ ಉಳಿಯಿತು. ಹಾಕುವವರು ಹಾಕಲಿ, ಬಹಳ ಒಳ್ಳೆಯದು. ಹಾಕಲಾಗದವರು ಹೆದರಬೇಕಿಲ್ಲ.

ನಡಿಗೆಯೊಂದೇ ದಾರಿಯೂ ಅಲ್ಲ. ಸೈಕಲ್ ತುಳಿಯಿರಿ, ಅಗೆಯಿರಿ, ಕಳೆ ತೆಗೆಯಿರಿ, ಮಕ್ಕಳ ಜೊತೆ ಕುಂಟೆಬಿಲ್ಲೆ ಆಡಿ. ಕೋಲಾಟ ಬಂದರೆ ಇನ್ನೂ ಚೆನ್ನ. ವಾರಕ್ಕೆ ಎರಡು ದಿನ ಕೈಕಾಲಿಗೆ ಬಲ ಕೊಡುವ ಕೆಲಸವೂ ಇರಲಿ. 65 ದಾಟಿದವರು ಬೀಳದ ಹಾಗೆ ಮೈ ಹಿಡಿತಕ್ಕೆ ತರುವ ಅಭ್ಯಾಸ ಮಾಡಬೇಕು. ಗೋಡೆ ಹಿಡಿದು ಒಂಟಿ ಕಾಲಲ್ಲಿ ನಿಲ್ಲುವುದು, ಕುರ್ಚಿಯಿಂದ ಕೈ ಊರದೆ ಏಳುವುದು, ಇಂಥವು. ಕೂತು ಕೆಲಸ ಮಾಡುವವರು, ಟೈಲರು, ಅಂಗಡಿಯವರು, ಬೀಡಿ ಕಟ್ಟುವ ಅಕ್ಕಂದಿರು, ಆಗಾಗ ಎದ್ದು ನಾಲ್ಕು ಹೆಜ್ಜೆ ಹಾಕಿ ಕೂರಬೇಕು.

"ನಾವು ದುಡಿಯೋರು, ನಮಗೇಕೆ?"

ಈ ಪ್ರಶ್ನೆ ಕೇಳಿದವರು ಕೂಲಿಗೆ ಹೋಗುವ ಒಬ್ಬ ಅಕ್ಕ. ಕೇಳಿದ್ದು ಸರಿಯಾಗಿಯೇ ಇದೆ. ದಿನವಿಡೀ ನಾಟಿ ಹಾಕಿ, ಹುಲ್ಲು ಹೊತ್ತು ಬಂದವರಿಗೆ "ಬನ್ನಿ, ವಾಕಿಂಗ್ ಹೋಗೋಣ" ಅನ್ನುವುದು ಅನ್ಯಾಯ. ಆ ದಿನ ಅವರ ಲೆಕ್ಕ ತುಂಬಿಯಾಗಿದೆ. ಅವರಿಗೆ ಬೇಕಾದ್ದು ವಿಶ್ರಾಂತಿ.

ಆದರೆ ಎರಡು ಮಾತು ಇದೆ. ಕೂಲಿ ವರ್ಷವಿಡೀ ಇರುವುದಿಲ್ಲ. ಕೆಲಸ ಇಲ್ಲದ ತಿಂಗಳುಗಳಲ್ಲಿ ನಾವೂ ಜಗುಲಿ ಮೇಲೆ ಕೂರುತ್ತೇವೆ. ಎರಡನೆಯದು ಇನ್ನೂ ಮುಖ್ಯ. ದುಡಿಯುವವರಿಗೆ ಲಕ್ವ ಬರೋದಿಲ್ಲ ಅಂತ ತಿಳಿಯಬೇಡಿ. ಮೂಟೆ ಹೊರುವವರಿಗೂ ಬರುತ್ತದೆ. ಉಸಿರು ಬಿಗಿಹಿಡಿದು ಭಾರ ಎತ್ತಿದಾಗ ಬಿ.ಪಿ. ಒಮ್ಮೆಗೇ ಮೇಲೇರುತ್ತದೆ. ಮೊದಲೇ ಬಿ.ಪಿ. ಇದ್ದು, ಗುಳಿಗೆ ಇಲ್ಲದೆ, ಮೇಲೆ ಬೀಡಿ, ಹೊಗೆಸೊಪ್ಪು ಬೇರೆ ಇದ್ದರೆ ದುಡಿದ ಮೈಯೂ ಉಳಿಸುವುದಿಲ್ಲ. ಹಾಗಾಗಿ ದುಡಿಯುವವರೂ ಬಿ.ಪಿ. ಅಳೆಸಲೇಬೇಕು.

30 ವರ್ಷ ದಾಟಿದ ಎಲ್ಲರಿಗೂ ಸರ್ಕಾರಿ ಆಸ್ಪತ್ರೆಯಲ್ಲಿ, ಉಪಕೇಂದ್ರದಲ್ಲಿ ಬಿ.ಪಿ., ಸಕ್ಕರೆ ನೋಡುತ್ತಾರೆ. ಕಾಸು ಕೊಡಬೇಕಿಲ್ಲ. ಎರಡು ಸಂಖ್ಯೆ ಬರೆದುಕೊಡುತ್ತಾರೆ. 120, ಕೆಳಗೆ 80. ಇದರ ಒಳಗಿದ್ದರೆ ಚೆನ್ನ. ಬೇರೆ ಬೇರೆ ದಿನ ನೋಡಿದಾಗಲೂ 140, ಕೆಳಗೆ 90 ಅಥವಾ ಅದಕ್ಕಿಂತ ಮೇಲೆ ಇದ್ದರೆ ಬಿ.ಪಿ. ಇದೆ ಅಂತ ಅರ್ಥ. ಡಾಕ್ಟರು ಗುಳಿಗೆ ಕೊಟ್ಟರೆ ದಿನಾ ನುಂಗಬೇಕು. "ನಡೀತಿದ್ದೀನಲ್ಲ, ಗುಳಿಗೆ ಯಾಕೆ?" ಅಂತ ನೀವಾಗಿಯೇ ಬಿಡಬೇಡಿ. ನಡಿಗೆ ಗುಳಿಗೆಗೆ ಜೊತೆಗಾರ, ಬದಲಿಯಲ್ಲ. ಉಪ್ಪು ದಿನಕ್ಕೆ ಒಬ್ಬರಿಗೆ ಒಂದು ಟೀ ಚಮಚ, ಅಂದರೆ 5 ಗ್ರಾಂ ಮೀರಬಾರದು. ಉಪ್ಪಿನಕಾಯಿ, ಹಪ್ಪಳ, ಬೇಕರಿ ಖಾರದಲ್ಲಿರುವ ಉಪ್ಪೂ ಇದೇ ಲೆಕ್ಕಕ್ಕೆ ಸೇರಿದ್ದು.

ಇನ್ನೊಂದು ಎಚ್ಚರಿಕೆ. ಬಿ.ಪಿ. ಬಹಳ ಏರಿದ್ದವರು, ನಡೆದರೆ ಎದೆ ನೋವು ಬರುವವರು, ತಲೆ ಸುತ್ತುವವರು ಮೊದಲು ಡಾಕ್ಟರನ್ನು ಕೇಳಿಯೇ ಶುರು ಮಾಡಬೇಕು. ಅಂಗಡಿ ಅಣ್ಣನ 180ಕ್ಕೆ ನಡಿಗೆಯೊಂದೇ ಸಾಲುತ್ತಿರಲಿಲ್ಲ. ಗುಳಿಗೆ ಮೊದಲು ಬೇಕಿತ್ತು.

ಕೆರೆ ಏರಿ ಮೇಲೆ

ಪಾಠ ಕೇಳಿದ ಮೇಲೆ ಅಕ್ಕಂದಿರು ನಡೆಯಲು ಹೊರಟರು. ಹೊರಡುವುದು ಸುಲಭವಿರಲಿಲ್ಲ. ಗಂಡಸು ನಡೆದರೆ ವಾಕಿಂಗ್. ಹೆಂಗಸು ನಡೆದರೆ "ಎಲ್ಲಿಗೆ ಹೋಗ್ತಿದ್ದೀಯ?" ಅಂತ ಹತ್ತು ಬಾಯಿ. ಕೆಲಸವಿಲ್ಲದೆ ಬೀದಿಗೆ ಇಳಿಯೋದು ಹೆಂಗಸಿಗೆ ತಪ್ಪು ಅಂತ ಊರು ತಿಳಿದಿದೆ. ಬಿಂದಿಗೆ ಹೊತ್ತರೆ ಯಾರೂ ಕೇಳುವುದಿಲ್ಲ. ಬರಿಗೈಯಲ್ಲಿ ಹೊರಟರೆ ಕೇಳುತ್ತಾರೆ.

ಮೊದಲ ದಿನ ಮೂವರು ಬಂದರು. ಟೀ ಅಂಗಡಿ ಮುಂದೆ ಬೈಕಿನ ಮೇಲೆ ಕೂತ ಹುಡುಗನೊಬ್ಬ, "ಏನ್ ದೊಡ್ಡವ್ವ, ಸೀರೆ ಉಟ್ಕೊಂಡು ಓಟದ ಪಂದ್ಯಕ್ಕಾ?" ಅಂದ. ಎಲ್ಲರೂ ನಕ್ಕರು. ಆ ದೊಡ್ಡವ್ವನಿಗೆ ಅರವತ್ತರ ಮೇಲಿದೆ. ನಿಂತು ಹೇಳಿದರು. "ನಿನ್ ಬೈಕಿಗೆ ದಿನಾ ಪೆಟ್ರೋಲು ಬೇಕು ಕಣೋ. ನನ್ ಕಾಲಿಗೆ ಬೇಡ." ಆಮೇಲೆ ಆ ಹುಡುಗ ಮಾತಾಡಲಿಲ್ಲ.

ಮರುವಾರ ಒಂಬತ್ತು ಜನ ಆದರು. ಒಬ್ಬರೇ ಹೋದರೆ ಮಾತು ಬರುತ್ತೆ, ಗುಂಪಾಗಿ ಹೋದರೆ ದಾರಿ ಬಿಡುತ್ತಾರೆ. ಇದು ನಮ್ಮ ಅನುಭವ. ಎಲ್ಲಿಂದ ಎಲ್ಲಿಗೆ ಅನ್ನೋದನ್ನೂ ಅವರೇ ಗೊತ್ತು ಮಾಡಿದರು. ಶಾಲೆಯಿಂದ ಕೆರೆ ಏರಿ ಮೇಲೆ ಹಾದು ತೂಬಿನವರೆಗೆ. ದೂರ ಎಷ್ಟು ಅಂತ ಅಳೆಯೋದೇ ಒಂದು ಪಾಠವಾಯಿತು. ಹತ್ತು ಮೀಟರಿನ ಹಗ್ಗ ಹಿಡಿದು ಅಳೆದೆವು. ಹಗ್ಗ 110 ಸಲ ಬಿತ್ತು. ಅಂದರೆ 1,100 ಮೀಟರು. ಹೋಗಿ ಬಂದರೆ 2,200 ಮೀಟರು. ಮೊದಮೊದಲು 40 ನಿಮಿಷ ಹಿಡಿಯುತ್ತಿತ್ತು. ಈಗ 30 ನಿಮಿಷಕ್ಕೆ ಮುಗಿಯುತ್ತದೆ.

ಹೊತ್ತು ಯಾವುದು ಅನ್ನೋದಕ್ಕೆ ಜಗಳವೇ ಆಯಿತು. ಬೆಳಿಗ್ಗೆ ಅಕ್ಕಂದಿರಿಗೆ ಉಸಿರಾಡಲು ಬಿಡುವಿಲ್ಲ. ಕಡೆಗೆ ಸಂಜೆ ಐದೂವರೆ ಅಂತ ಆಯಿತು. ಆ ಹೊತ್ತಲ್ಲಿ ಹಾಲು ಕರೆಯುವವರು ಯಾರು? ಕೆಲವು ಮನೆಗಳಲ್ಲಿ ಗಂಡಂದಿರು ಕರೆಯಲು ಶುರು ಮಾಡಿದ್ದಾರೆ. ಕೆಲವು ಮನೆಗಳಲ್ಲಿ ಇನ್ನೂ ಇಲ್ಲ. ಆ ಮನೆಯ ಅಕ್ಕಂದಿರು ಬರುವುದೂ ಇಲ್ಲ.

ಮುಖ, ಕೈ, ಮಾತು

ಎಷ್ಟು ನಡೆದರೂ ಲಕ್ವ ಹೊಡೆಯಬಹುದು ಅಂದೆವಲ್ಲ. ಹೊಡೆದಾಗ ಏನು ಮಾಡಬೇಕು ಅಂತ ಮನೆಯ ಎಲ್ಲರಿಗೂ ಗೊತ್ತಿರಬೇಕು. ಮೂರು ಕಡೆ ನೋಡಿ.

ಮುಖ. ನಗಿ ಅನ್ನಿ. ಬಾಯಿ ಒಂದು ಕಡೆಗೆ ಸೊಟ್ಟಗಾಗುತ್ತಾ?

ಕೈ. ಎರಡೂ ಕೈ ಎತ್ತಿ ಅನ್ನಿ. ಒಂದು ಕೈ ಕೆಳಗೆ ಬೀಳುತ್ತಾ?

ಮಾತು. ಒಂದು ಸಣ್ಣ ಮಾತು ಹೇಳಿಸಿ. ತೊದಲುತ್ತಾ?

ಮೂರರಲ್ಲಿ ಒಂದಿದ್ದರೂ ಸಾಕು. ತಡ ಮಾಡದೆ 108ಕ್ಕೆ ಫೋನ್ ಮಾಡಿ. ಸ್ಕ್ಯಾನ್ ಇರುವ ಆಸ್ಪತ್ರೆಗೇ ಹೋಗಬೇಕು ಅಂತ ಹೇಳಿ. ಆಸ್ಪತ್ರೆಯಲ್ಲಿ ಮೊದಲು ಕೇಳುವ ಪ್ರಶ್ನೆ, "ಎಷ್ಟು ಹೊತ್ತಿಗೆ ಶುರುವಾಯಿತು?" ಅಂತ. ಹಾಗಾಗಿ ಗಡಿಯಾರ ನೋಡಿ ಬರೆದಿಟ್ಟುಕೊಳ್ಳಿ. ದಾರಿ ಮುಚ್ಚಿದ ಲಕ್ವಕ್ಕೆ ಹೆಪ್ಪು ಕರಗಿಸುವ ಇಂಜೆಕ್ಷನ್ ಇದೆ. ಅದನ್ನು ನಾಲ್ಕೂವರೆ ಗಂಟೆಯೊಳಗೆ ಕೊಡಬೇಕು. ಬೇಗ ಕೊಟ್ಟಷ್ಟೂ ಒಳ್ಳೆಯದು. ದೊಡ್ಡ ನಾಳ ಮುಚ್ಚಿದಾಗ ನಿಮಿಷಕ್ಕೆ ಸುಮಾರು 19 ಲಕ್ಷ ನರಕೋಶ ಸಾಯುತ್ತವೆ ಅಂತ ಲೆಕ್ಕ ಹಾಕಿದ್ದಾರೆ. ಅಂಗಡಿ ಅಣ್ಣನ ಒಂದು ದಿನಕ್ಕೆ ಎಷ್ಟಾಯಿತು ಅಂತ ಲೆಕ್ಕ ಹಾಕಲು ನಮಗೆ ಮನಸ್ಸು ಬರಲಿಲ್ಲ.

ನೀರು, ಕಾಫಿ, ಊಟ ಏನೂ ಕೊಡಬೇಡಿ. ನುಂಗಲು ಆಗದೆ ಶ್ವಾಸಕೋಶಕ್ಕೆ ಹೋಗುತ್ತದೆ. ಗುಳಿಗೆಯನ್ನೂ ನೀವಾಗಿ ಕೊಡಬೇಡಿ. ನಾಳ ಮುಚ್ಚಿದೆಯೋ ಒಡೆದಿದೆಯೋ ಸ್ಕ್ಯಾನ್ ಇಲ್ಲದೆ ಡಾಕ್ಟರಿಗೂ ತಿಳಿಯುವುದಿಲ್ಲ. ಒಂದಕ್ಕೆ ಕೊಡುವ ಮದ್ದು ಇನ್ನೊಂದಕ್ಕೆ ವಿಷ. ಕೆಲವರಿಗೆ ಹತ್ತೇ ನಿಮಿಷದಲ್ಲಿ ಕೈ, ಬಾಯಿ ತಾನಾಗಿಯೇ ಸರಿಹೋಗುತ್ತದೆ. "ಹೋಯ್ತಲ್ಲ ಬಿಡು" ಅಂತ ಕೂರಬೇಡಿ. ಅದು ಮುಂದೆ ಬರುವ ದೊಡ್ಡ ಲಕ್ವದ ಕರೆಗಂಟೆ. ಅವತ್ತೇ ಆಸ್ಪತ್ರೆಗೆ ಹೋಗಿ.

ಮೊದಲೇ ಲಕ್ವ ಹೊಡೆದವರೂ ಮೈ ಆಡಿಸಬೇಕು. ಮಲಗಿಸಿಬಿಟ್ಟರೆ ಕೀಲು ಬಿಗಿಯುತ್ತವೆ, ಹಾಸಿಗೆ ಹುಣ್ಣು ಆಗುತ್ತವೆ. ಮತ್ತೊಮ್ಮೆ ಹೊಡೆಯುವ ಅಪಾಯವೂ ಇದ್ದೇ ಇದೆ. ಹೇಗೆ ಆಡಿಸಬೇಕು ಅಂತ ಆಸ್ಪತ್ರೆಯ ಫಿಸಿಯೋಥೆರಪಿಯವರು ಹೇಳಿಕೊಡುತ್ತಾರೆ. ಮನೆಯವರೂ ನೋಡಿ ಕಲಿಯಬಹುದು.

ಅಂಗಡಿ ಅಕ್ಕ ಹಾಗೆಯೇ ಕಲಿತರು. ದಿನಕ್ಕೆ ಎರಡು ಹೊತ್ತು ಅಣ್ಣನ ಬಲಗೈ ಹಿಡಿದು ಎತ್ತುತ್ತಾರೆ, ಮಡಿಸುತ್ತಾರೆ, ಒಂದರಿಂದ ಹತ್ತರವರೆಗೆ ಎಣಿಸುತ್ತಾರೆ. ಏಳು ತಿಂಗಳಿಗೆ ಅಣ್ಣ ಕೋಲು ಹಿಡಿದು ಅಂಗಳಕ್ಕೆ ಇಳಿದರು. ಈಗ ಮನೆಯಿಂದ ಅಂಗಡಿಗೆ ನಡೆದೇ ಹೋಗುತ್ತಾರೆ. ಅದೇ ಇನ್ನೂರು ಹೆಜ್ಜೆ. ನಡುವೆ ಎರಡು ಸಲ ನಿಲ್ಲಬೇಕು. ಬಲಗೈ ಬೆರಳು ಇನ್ನೂ ಬಿಚ್ಚಿಲ್ಲ. ಗಲ್ಲಾ ಮುಂದೆ ಈಗ ಅಕ್ಕ ಕೂರುತ್ತಾರೆ, ಲೆಕ್ಕ ಬರೆಯುತ್ತಾರೆ. ತಿಂಗಳಿಗೊಮ್ಮೆ ಬರುವ ಬಿ.ಪಿ. ಚೀಟಿಯನ್ನು ಕಂಬಿಗೆ ಚುಚ್ಚುವುದಿಲ್ಲ. ಗೋಡೆಯ ಕ್ಯಾಲೆಂಡರಿನಲ್ಲಿ ಆ ದಿನದ ಚೌಕದೊಳಗೆ ಎರಡೂ ಸಂಖ್ಯೆ ಬರೆಯುತ್ತಾರೆ. ಹೋದ ತಿಂಗಳು 138, ಕೆಳಗೆ 86 ಇತ್ತು.

ಅಣ್ಣನ ಮಾತು ಪೂರಾ ಬಂದಿಲ್ಲ. ಮಾತು ಕಲಿಸುವವರು ಹೇಳಿದ ಹಾಗೆ ಅಕ್ಕ ಸಾಮಾನು ತೋರಿಸಿ ಹೆಸರು ಹೇಳಿಸುತ್ತಾರೆ. ರಾತ್ರಿ ನಮ್ಮ ಕೇಂದ್ರದ ಪುಸ್ತಕ ತೆಗೆದುಕೊಂಡು ಹೋಗಿ ಚಿತ್ರ ತೋರಿಸುತ್ತಾರೆ. ಈಗ "ಉಪ್ಪು" ಅನ್ನುತ್ತಾರೆ, "ಅಕ್ಕಿ" ಅನ್ನುತ್ತಾರೆ. "ಬೆಲ್ಲ" ಇನ್ನೂ ಬರುವುದಿಲ್ಲ. ಡಬ್ಬದ ಕಡೆ ಎಡಗೈ ತೋರಿಸುತ್ತಾರೆ.